ಜಾಮೀನು ಯಾರಿಗೆ ಸಿಗುತ್ತದೆ, ಯಾರಿಗೆ ಸಿಗುವುದಿಲ್ಲ? ಕೋರ್ಟ್ ನೋಡುವುದು ಏನನ್ನು? ಇಲ್ಲಿದೆ ಪೂರ್ಣ ವಿವರ

ಪ್ರಸಿದ್ಧ ವ್ಯಕ್ತಿಯೊಬ್ಬರಿಗೆ ಜಾಮೀನು ಸಿಕ್ಕ ದಿನ ಸಾಮಾಜಿಕ ಜಾಲತಾಣಗಳಲ್ಲಿ ಎರಡು ಬಗೆಯ ಮಾತು ಕೇಳಿಬರುತ್ತದೆ. ‘ನಿರಪರಾಧಿ ಎಂದು ಸಾಬೀತಾಯಿತು’ ಎಂದು ಅಭಿಮಾನಿಗಳು ಪಟಾಕಿ ಹೊಡೆಯುತ್ತಾರೆ. ‘ದುಡ್ಡಿದ್ದವರಿಗೆ ಮಾತ್ರ ನ್ಯಾಯ’ ಎಂದು ಉಳಿದವರು ಬೇಸರ ಪಡುತ್ತಾರೆ. ಮೊದಲನೆಯ ಮಾತು ಕಾನೂನಿನ ಪ್ರಕಾರ ತಪ್ಪು. ಜಾಮೀನು ಆದೇಶಕ್ಕೂ ಅಪರಾಧ ಸಾಬೀತಾಗುವುದಕ್ಕೂ ನೇರ ಸಂಬಂಧವಿಲ್ಲ. ಎರಡನೆಯ ಮಾತನ್ನು ಮಾತ್ರ ಸುಲಭವಾಗಿ ತಳ್ಳಿಹಾಕುವಂತಿಲ್ಲ. ಜಾಮೀನು ಸಿಗುವುದಕ್ಕೂ ಜಾಮೀನು ಸಿಕ್ಕ ಮೇಲೆ ಜೈಲಿನಿಂದ ಹೊರಬರುವುದಕ್ಕೂ ನಡುವೆ ದೊಡ್ಡ ಅಂತರವಿದೆ. ಆ ಅಂತರದಲ್ಲಿ ಸಿಕ್ಕಿಬೀಳುವವರು ಹೆಚ್ಚಾಗಿ ಬಡವರು ಮತ್ತು ಪರ ಊರಿನವರು.

ಹಾಗಿದ್ದರೆ ಜಾಮೀನು ಅರ್ಜಿ ಬಂದಾಗ ನ್ಯಾಯಾಧೀಶರು ಏನನ್ನು ನೋಡುತ್ತಾರೆ? ಒಂದೇ ಪ್ರಕರಣದಲ್ಲಿ ಅಕ್ಕನಿಗೆ ಜಾಮೀನು ಸಿಕ್ಕಿ ತಮ್ಮನಿಗೆ ಸಿಗದಿರುವುದು ಹೇಗೆ? ಹೈಕೋರ್ಟ್ ಕೊಟ್ಟ ಜಾಮೀನನ್ನು ಸುಪ್ರೀಂ ಕೋರ್ಟ್ ರದ್ದು ಮಾಡುವುದು ಯಾವಾಗ? ಮುಂಬೈ ಮತ್ತು ಬೆಂಗಳೂರಿನ ಕೆಲವು ಚರ್ಚಿತ ಪ್ರಕರಣಗಳ ಮೂಲಕ ಇದನ್ನು ತಿಳಿಯೋಣ.

ವಿಲೆ ಪಾರ್ಲೆಯ ಕೂಪರ್ ಆಸ್ಪತ್ರೆಯಿಂದ ಬಾಂಬೆ ಹೈಕೋರ್ಟ್‌ವರೆಗೆ

2020ರ ಜೂನ್ 14ರಂದು ನಟ ಸುಶಾಂತ್ ಸಿಂಗ್ ರಜಪೂತ್ ಮುಂಬೈನ ಬಾಂದ್ರಾದ ಮನೆಯಲ್ಲಿ ಮೃತಪಟ್ಟ ಸ್ಥಿತಿಯಲ್ಲಿ ಪತ್ತೆಯಾದರು. ಮರಣೋತ್ತರ ಪರೀಕ್ಷೆ ನಡೆದದ್ದು ವಿಲೆ ಪಾರ್ಲೆಯ ಕೂಪರ್ ಆಸ್ಪತ್ರೆಯಲ್ಲಿ. ಮರುದಿನ ಅಂತ್ಯಕ್ರಿಯೆ ನಡೆದದ್ದೂ ವಿಲೆ ಪಾರ್ಲೆಯಲ್ಲೇ, ಪವನ್ ಹಂಸ್ ಚಿತಾಗಾರದಲ್ಲಿ. ಸಾವಿನ ತನಿಖೆಯ ಜೊತೆಗೆ ಮಾದಕ ವಸ್ತುಗಳ ಕೋನವೂ ಸೇರಿಕೊಂಡು ಮಾದಕ ವಸ್ತು ನಿಯಂತ್ರಣ ಬ್ಯೂರೋ (ಎನ್‌ಸಿಬಿ) ಪ್ರಕರಣ ದಾಖಲಿಸಿತು. ಸೆಪ್ಟೆಂಬರ್ 8ರಂದು ನಟಿ ರಿಯಾ ಚಕ್ರವರ್ತಿ ಬಂಧನವಾಯಿತು. ಅವರ ತಮ್ಮ ಶೌವಿಕ್ ಅದಕ್ಕೂ ಮೊದಲೇ ಬಂಧನದಲ್ಲಿದ್ದರು.

ಸೆಪ್ಟೆಂಬರ್ 11ರಂದು ವಿಶೇಷ ನ್ಯಾಯಾಲಯ ರಿಯಾ ಅವರ ಜಾಮೀನು ಅರ್ಜಿಯನ್ನು ತಿರಸ್ಕರಿಸಿತು. ಅಕ್ಟೋಬರ್ 7ರಂದು ಬಾಂಬೆ ಹೈಕೋರ್ಟ್‌ನ ನ್ಯಾಯಮೂರ್ತಿ ಸಾರಂಗ್ ಕೊತ್ವಾಲ್ ಜಾಮೀನು ಮಂಜೂರು ಮಾಡಿದರು. ಅದೇ ದಿನ ಶೌವಿಕ್ ಅರ್ಜಿ ತಿರಸ್ಕೃತವಾಯಿತು. ಅವರಿಗೆ ವಿಶೇಷ ನ್ಯಾಯಾಲಯದಿಂದ ಜಾಮೀನು ಸಿಕ್ಕಿದ್ದು ಡಿಸೆಂಬರ್‌ನಲ್ಲಿ.

ವ್ಯತ್ಯಾಸ ಎಲ್ಲಿತ್ತು? ರಿಯಾ ಅವರ ವಿರುದ್ಧ ಹಿಂದೆ ಯಾವ ಪ್ರಕರಣವೂ ಇಲ್ಲ, ಅವರು ಮಾದಕ ವಸ್ತು ಮಾರಾಟಗಾರರ ಸರಪಳಿಯ ಭಾಗವಲ್ಲ, ಹಣಕಾಸು ಒದಗಿಸಿದ್ದಾರೆ ಎಂಬ ಗಂಭೀರ ಕಲಂ ಮೇಲ್ನೋಟಕ್ಕೆ ಅವರಿಗೆ ಅನ್ವಯಿಸುವುದಿಲ್ಲ ಎಂದು ಹೈಕೋರ್ಟ್ ಅಭಿಪ್ರಾಯಪಟ್ಟಿತು. ತಮ್ಮನ ವಿಷಯದಲ್ಲಿ ಅದೇ ಸಮಾಧಾನ ನ್ಯಾಯಾಲಯಕ್ಕೆ ಆ ಹಂತದಲ್ಲಿ ಬರಲಿಲ್ಲ. ಅಂದರೆ ಪ್ರಕರಣ ಒಂದೇ ಆದರೂ ಜಾಮೀನು ಅರ್ಜಿಯನ್ನು ತೂಗುವುದು ಪ್ರತಿ ಆರೋಪಿಯ ಪಾತ್ರವನ್ನು ಬೇರೆ ಬೇರೆಯಾಗಿ ನೋಡಿ.

ಆ ಆದೇಶದಲ್ಲಿ ಇನ್ನೊಂದು ಮುಖ್ಯ ಅಂಶವಿತ್ತು. ಸೆಲೆಬ್ರಿಟಿಗಳು ಸಮಾಜಕ್ಕೆ ಮಾದರಿ, ಆದ್ದರಿಂದ ಅವರ ವಿಷಯದಲ್ಲಿ ಹೆಚ್ಚು ಕಠಿಣವಾಗಿರಬೇಕು ಎಂದು ಎನ್‌ಸಿಬಿ ವಾದಿಸಿತ್ತು. ನ್ಯಾಯಾಲಯ ಅದನ್ನು ಒಪ್ಪಲಿಲ್ಲ. ಕಾನೂನಿನ ಮುಂದೆ ಎಲ್ಲರೂ ಸಮಾನರು, ಪ್ರಸಿದ್ಧರಿಗೆ ವಿಶೇಷ ಸೌಲಭ್ಯವೂ ಇಲ್ಲ, ವಿಶೇಷ ಹೊಣೆಯೂ ಇಲ್ಲ ಎಂಬುದು ಅದರ ನಿಲುವಾಗಿತ್ತು.

ಅರ್ಜಿ ಯಾವ ಕೋರ್ಟ್‌ಗೆ ಹೋಗುತ್ತದೆ?

ಬಂಧಿಸಿದ 24 ಗಂಟೆಯೊಳಗೆ ಪೊಲೀಸರು ಆರೋಪಿಯನ್ನು ಮ್ಯಾಜಿಸ್ಟ್ರೇಟ್ ಮುಂದೆ ಹಾಜರುಪಡಿಸಬೇಕು. ಪ್ರಯಾಣದ ಸಮಯ ಇದರಲ್ಲಿ ಸೇರುವುದಿಲ್ಲ. ವಿಲೆ ಪಾರ್ಲೆ ಭಾಗದ ಸಾಮಾನ್ಯ ಪ್ರಕರಣವಾದರೆ ಮೊದಲ ನಿಲ್ದಾಣ ಪಕ್ಕದ ಅಂಧೇರಿಯ ಮ್ಯಾಜಿಸ್ಟ್ರೇಟ್ ನ್ಯಾಯಾಲಯ. ಅಲ್ಲಿ ಜಾಮೀನು ಸಿಗದಿದ್ದರೆ ಪಶ್ಚಿಮ ಉಪನಗರಗಳ ಪ್ರಕರಣಗಳನ್ನು ನೋಡುವ ದಿಂಡೋಶಿ ಸೆಷನ್ಸ್ ನ್ಯಾಯಾಲಯ, ನಂತರ ಫೋರ್ಟ್ ಪ್ರದೇಶದಲ್ಲಿರುವ ಬಾಂಬೆ ಹೈಕೋರ್ಟ್, ಕೊನೆಗೆ ದೆಹಲಿಯ ಸುಪ್ರೀಂ ಕೋರ್ಟ್.

2024ರ ಜುಲೈ 1ರಿಂದ ಹಳೆಯ ಸಿಆರ್‌ಪಿಸಿ ಬದಲು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ (ಬಿಎನ್‌ಎಸ್‌ಎಸ್) ಜಾರಿಯಲ್ಲಿದೆ. ಜಾಮೀನಿಗೆ ಸಂಬಂಧಿಸಿದ ಮುಖ್ಯ ಕಲಂಗಳು 478ರಿಂದ 484ರವರೆಗೆ ಇವೆ. ಕಲಂ ಸಂಖ್ಯೆಗಳು ಬದಲಾಗಿದ್ದರೂ ಮೂಲ ತತ್ವಗಳು ಹೆಚ್ಚು ಕಡಿಮೆ ಹಾಗೆಯೇ ಇವೆ.

ಅಪರಾಧಗಳಲ್ಲಿ ಎರಡು ವಿಧ. ಮೊದಲನೆಯದು ಜಾಮೀನು ಸಹಿತ ಅಪರಾಧ. ಇಲ್ಲಿ ಜಾಮೀನು ಆರೋಪಿಯ ಹಕ್ಕು. ಠಾಣೆಯಲ್ಲೇ ಅಧಿಕಾರಿ ಜಾಮೀನು ಕೊಡಬಹುದು. ಬಂಧನವಾಗಿ ಒಂದು ವಾರವಾದರೂ ಜಾಮೀನುದಾರರನ್ನು ಒದಗಿಸಲಾಗದಿದ್ದರೆ ಆತ ಬಡವ ಎಂದು ಭಾವಿಸಿ ಸ್ವಂತ ಬಾಂಡ್ ಮೇಲೆ ಬಿಡಬೇಕು ಎಂದು ಕಾನೂನೇ ಹೇಳುತ್ತದೆ. ಎರಡನೆಯದು ಜಾಮೀನು ರಹಿತ ಅಪರಾಧ. ಹೆಸರು ಹಾಗಿದ್ದರೂ ‘ಜಾಮೀನೇ ಇಲ್ಲ’ ಎಂದು ಅರ್ಥವಲ್ಲ. ಇಲ್ಲಿ ಜಾಮೀನು ಹಕ್ಕಲ್ಲ, ನ್ಯಾಯಾಧೀಶರ ವಿವೇಚನೆಗೆ ಬಿಟ್ಟದ್ದು, ಅಷ್ಟೇ. ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯ ಅಪರಾಧ ಎಸಗಿದ್ದಾರೆಂದು ನಂಬಲು ಕಾರಣವಿದ್ದರೆ ಮ್ಯಾಜಿಸ್ಟ್ರೇಟ್ ಸಾಮಾನ್ಯವಾಗಿ ಜಾಮೀನು ಕೊಡುವಂತಿಲ್ಲ. ಮಹಿಳೆ, ಮಕ್ಕಳು, ಅನಾರೋಗ್ಯಪೀಡಿತರಿಗೆ ಇದರಲ್ಲಿ ವಿನಾಯಿತಿ ಇದೆ. ಸೆಷನ್ಸ್ ನ್ಯಾಯಾಲಯ ಮತ್ತು ಹೈಕೋರ್ಟ್‌ಗೆ ಕಲಂ 483ರ ಅಡಿ ವಿಶಾಲ ಅಧಿಕಾರವಿದೆ.

ನ್ಯಾಯಾಧೀಶರ ಮುಂದಿರುವ ಮೂರು ಪ್ರಶ್ನೆ

ವಿಚಾರಣೆ ಮುಗಿದು ತೀರ್ಪು ಬರುವ ತನಕ ಆರೋಪಿ ನಿರಪರಾಧಿ ಎಂಬುದೇ ನಮ್ಮ ಕಾನೂನಿನ ತಳಹದಿ. ಹೀಗಿರುವಾಗ ಅವರನ್ನು ಮೊದಲೇ ಒಳಗೆ ಇಡುವುದು ಏಕೆ? ಶಿಕ್ಷೆ ಕೊಡಲು ಅಲ್ಲ, ವಿಚಾರಣೆ ಸರಿಯಾಗಿ ನಡೆಯಲಿ ಎಂದು. ಆದ್ದರಿಂದ ಕೋರ್ಟ್ ಕೇಳುವ ಮೊದಲ ಪ್ರಶ್ನೆಗಳು ಮೂರು:

1. ಬಿಟ್ಟರೆ ಆರೋಪಿ ತಲೆಮರೆಸಿಕೊಳ್ಳುತ್ತಾರೆಯೇ?
2. ಸಾಕ್ಷ್ಯ ನಾಶ ಮಾಡುತ್ತಾರೆಯೇ?
3. ಸಾಕ್ಷಿಗಳನ್ನು ಹೆದರಿಸುತ್ತಾರೆಯೇ, ಆಮಿಷ ಒಡ್ಡುತ್ತಾರೆಯೇ?

ಖಾಯಂ ವಿಳಾಸ, ಕುಟುಂಬ, ಉದ್ಯೋಗ ಇದ್ದವರು ಓಡಿಹೋಗುವ ಸಾಧ್ಯತೆ ಕಡಿಮೆ ಎಂದು ಕೋರ್ಟ್ ನಂಬುತ್ತದೆ. ದಾಖಲೆಗಳು, ಮೊಬೈಲ್ ಎಲ್ಲವೂ ತನಿಖಾಧಿಕಾರಿಗಳ ವಶದಲ್ಲಿದ್ದರೆ ಸಾಕ್ಷ್ಯ ನಾಶದ ಭಯ ಕಡಿಮೆ. ಆರೋಪಪಟ್ಟಿ ಸಲ್ಲಿಕೆಯಾದ ಮೇಲೆ ಜಾಮೀನು ಸಿಗುವ ಸಾಧ್ಯತೆ ಹೆಚ್ಚುವುದು ಇದೇ ಕಾರಣಕ್ಕೆ. ಆರೋಪಿ ಪ್ರಭಾವಿಯಾಗಿದ್ದು ಸಾಕ್ಷಿಗಳು ಅವರ ಕೈಕೆಳಗಿನವರೇ ಆಗಿದ್ದರೆ ಮೂರನೆಯ ಪ್ರಶ್ನೆಗೆ ಹೆಚ್ಚು ತೂಕ ಬರುತ್ತದೆ.

1977ರಲ್ಲಿ ರಾಜಸ್ಥಾನ ಸರ್ಕಾರ ಮತ್ತು ಬಾಲ್‌ಚಂದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್‌ನ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಇದನ್ನು ಸೂತ್ರದಂತೆ ಹೇಳಿದರು: ಜಾಮೀನು ನಿಯಮ, ಜೈಲು ಅಪವಾದ. ಇಂದಿಗೂ ವಕೀಲರು ಜಾಮೀನು ವಾದವನ್ನು ಈ ಮಾತಿನಿಂದಲೇ ಶುರು ಮಾಡುತ್ತಾರೆ.

ಕೊಲೆ, ಅತ್ಯಾಚಾರದಂಥ ಗಂಭೀರ ಪ್ರಕರಣಗಳಲ್ಲಿ ಈ ಮೂರು ಪ್ರಶ್ನೆಗಳಷ್ಟೇ ಸಾಲುವುದಿಲ್ಲ. 2010ರ ಪ್ರಶಾಂತ ಕುಮಾರ್ ಸರ್ಕಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಉಳಿದ ಅಂಶಗಳನ್ನೂ ಪಟ್ಟಿ ಮಾಡಿದೆ. ಆರೋಪಕ್ಕೆ ಮೇಲ್ನೋಟದ ಆಧಾರ ಇದೆಯೇ, ಅಪರಾಧ ಎಷ್ಟು ಗಂಭೀರ, ಶಿಕ್ಷೆ ಎಷ್ಟು ಕಠಿಣ, ಆರೋಪಿಯ ನಡತೆ ಮತ್ತು ಸ್ಥಾನಮಾನ ಏನು, ಮತ್ತೆ ಅಪರಾಧ ಎಸಗುವ ಸಾಧ್ಯತೆ ಇದೆಯೇ ಎಂಬುದನ್ನೂ ನೋಡಬೇಕು. ಆದರೆ ಸಾಕ್ಷ್ಯವನ್ನು ಆಳವಾಗಿ ವಿಶ್ಲೇಷಿಸುವಂತಿಲ್ಲ. ಅದು ಮುಂದೆ ವಿಚಾರಣೆ ನಡೆಸುವ ನ್ಯಾಯಾಧೀಶರ ಕೆಲಸ.

ದರ್ಶನ್ ಜಾಮೀನು ರದ್ದಾಗಿದ್ದು ಏಕೆ?

ಈ ಗೆರೆ ದಾಟಿದರೆ ಏನಾಗುತ್ತದೆ ಎಂಬುದಕ್ಕೆ ಕರ್ನಾಟಕದವರಿಗೆ ಚೆನ್ನಾಗಿ ಗೊತ್ತಿರುವ ಉದಾಹರಣೆ ಇದೆ. ಚಿತ್ರದುರ್ಗದ ವ್ಯಕ್ತಿಯ ಕೊಲೆ ಪ್ರಕರಣದಲ್ಲಿ ನಟ ದರ್ಶನ್ 2024ರ ಜೂನ್ 11ರಂದು ಬಂಧನಕ್ಕೊಳಗಾದರು. ಅಕ್ಟೋಬರ್ 30ರಂದು ಚಿಕಿತ್ಸೆಗಾಗಿ ಮಧ್ಯಂತರ ಜಾಮೀನು, ಡಿಸೆಂಬರ್ 13ರಂದು ಕರ್ನಾಟಕ ಹೈಕೋರ್ಟ್‌ನಿಂದ ಪೂರ್ಣ ಜಾಮೀನು ಸಿಕ್ಕಿತು. ರಾಜ್ಯ ಸರ್ಕಾರ ಮೇಲ್ಮನವಿ ಸಲ್ಲಿಸಿತು. 2025ರ ಆಗಸ್ಟ್ 14ರಂದು ನ್ಯಾಯಮೂರ್ತಿಗಳಾದ ಜೆ.ಬಿ. ಪಾರ್ದಿವಾಲಾ ಮತ್ತು ಆರ್. ಮಹದೇವನ್ ಅವರ ಪೀಠ ಜಾಮೀನನ್ನು ರದ್ದು ಮಾಡಿತು.

ಸಾಕ್ಷಿಗಳ ಹೇಳಿಕೆಗಳನ್ನು ವಿಚಾರಣೆಗೂ ಮುನ್ನವೇ ತೂಗಿ ನೋಡಿದ್ದು ಸರಿಯಲ್ಲ, ಅಪರಾಧದ ಗಂಭೀರತೆ ಮತ್ತು ಸಾಕ್ಷಿಗಳ ಮೇಲೆ ಪ್ರಭಾವ ಬೀರುವ ಸಾಧ್ಯತೆಯನ್ನು ಹೈಕೋರ್ಟ್ ಸರಿಯಾಗಿ ಪರಿಗಣಿಸಿಲ್ಲ, ಆದೇಶ ಯಾಂತ್ರಿಕವಾಗಿದೆ ಎಂದು ಸುಪ್ರೀಂ ಕೋರ್ಟ್ ಹೇಳಿತು. ಜೈಲಿನಲ್ಲಿ ಯಾರಿಗೂ ವಿಶೇಷ ಸವಲತ್ತು ಕೊಡುವಂತಿಲ್ಲ ಎಂದೂ ಎಚ್ಚರಿಸಿತು.

ಇಲ್ಲಿ ಒಂದು ವ್ಯತ್ಯಾಸ ಗಮನಿಸಬೇಕು. ಜಾಮೀನು ರದ್ದಾಗುವುದು ಎರಡು ಕಾರಣಕ್ಕೆ. ಒಂದು, ಹೊರಬಂದ ಆರೋಪಿ ಷರತ್ತು ಮುರಿದರೆ. ಇನ್ನೊಂದು, ಜಾಮೀನು ಕೊಟ್ಟ ಆದೇಶವೇ ಕಾನೂನಿನ ಪ್ರಕಾರ ಸರಿ ಇಲ್ಲದಿದ್ದರೆ. ಎರಡನೆಯದರಲ್ಲಿ ಆರೋಪಿ ಹೊರಗೆ ಬಂದ ಮೇಲೆ ತಪ್ಪು ಮಾಡಿರಲೇಬೇಕು ಎಂದೇನಿಲ್ಲ. ಜಾಮೀನು ರದ್ದಾಯಿತು ಎಂದರೆ ಅಪರಾಧ ಸಾಬೀತಾಯಿತು ಎಂದೂ ಅಲ್ಲ.

ಲೆಕ್ಕಾಚಾರವೇ ತಲೆಕೆಳಗಾಗುವ ವಿಶೇಷ ಕಾಯ್ದೆಗಳು

ಸಾಮಾನ್ಯ ಪ್ರಕರಣದಲ್ಲಿ ಜಾಮೀನು ಏಕೆ ಕೊಡಬಾರದು ಎಂದು ಸರ್ಕಾರಿ ವಕೀಲರು ಕಾರಣ ಕೊಡಬೇಕು. ಕೆಲವು ವಿಶೇಷ ಕಾಯ್ದೆಗಳಲ್ಲಿ ಇದು ಉಲ್ಟಾ. ಮಾದಕ ವಸ್ತು ತಡೆಯ ಎನ್‌ಡಿಪಿಎಸ್ ಕಾಯ್ದೆಯ ಕಲಂ 37 ಮತ್ತು ಅಕ್ರಮ ಹಣ ವರ್ಗಾವಣೆ ತಡೆಯ ಪಿಎಂಎಲ್‌ಎ ಕಾಯ್ದೆಯ ಕಲಂ 45 ಎರಡು ಷರತ್ತು ಹಾಕುತ್ತವೆ. ಆರೋಪಿ ತಪ್ಪಿತಸ್ಥ ಅಲ್ಲ ಎಂದು ನಂಬಲು ಕಾರಣ ಇರಬೇಕು, ಹೊರಬಂದರೆ ಮತ್ತೆ ಅಪರಾಧ ಮಾಡುವುದಿಲ್ಲ ಎಂದು ಕೋರ್ಟ್‌ಗೆ ಮನವರಿಕೆ ಆಗಬೇಕು. ವಿಚಾರಣೆ ಶುರುವಾಗುವ ಮೊದಲೇ ಇದನ್ನು ತೋರಿಸುವುದು ಎಷ್ಟು ಕಷ್ಟ ಎಂದು ಊಹಿಸಬಹುದು.

ಪಿಎಂಎಲ್‌ಎ ಷರತ್ತುಗಳನ್ನು 2017ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಅಸಾಂವಿಧಾನಿಕ ಎಂದಿತ್ತು. 2018ರಲ್ಲಿ ಕೇಂದ್ರ ಸರ್ಕಾರ ಕಾಯ್ದೆಗೆ ತಿದ್ದುಪಡಿ ತಂದಿತು. 2022ರ ಜುಲೈ 27ರ ವಿಜಯ್ ಮದನ್‌ಲಾಲ್ ಚೌಧರಿ ತೀರ್ಪಿನಲ್ಲಿ ಕೋರ್ಟ್ ಅವುಗಳನ್ನು ಎತ್ತಿಹಿಡಿಯಿತು. ಭಯೋತ್ಪಾದನೆ ತಡೆಯ ಯುಎಪಿಎ ಕಾಯ್ದೆಯಲ್ಲಂತೂ ಆರೋಪ ಮೇಲ್ನೋಟಕ್ಕೆ ನಿಜ ಎಂದು ಕಂಡರೆ ಜಾಮೀನು ಕೊಡುವಂತಿಲ್ಲ.

ಎನ್‌ಡಿಪಿಎಸ್ ಕಾಯ್ದೆಯಲ್ಲಿ ಈ ಕಠಿಣ ಷರತ್ತು ಎಲ್ಲ ಕಲಂಗಳಿಗೂ ಅನ್ವಯಿಸುವುದಿಲ್ಲ. ವಾಣಿಜ್ಯ ಪ್ರಮಾಣದ ಮಾದಕ ವಸ್ತು, ಅಕ್ರಮ ವಹಿವಾಟಿಗೆ ಹಣ ಒದಗಿಸುವಂಥ ಕೆಲವು ಆರೋಪಗಳಿಗೆ ಮಾತ್ರ. ಹಾಗಾಗಿ ಯಾವ ಕಲಂ ಹಾಕಿದ್ದಾರೆ ಎಂಬುದೇ ಅರ್ಧ ಫಲಿತಾಂಶ ನಿರ್ಧರಿಸುತ್ತದೆ. ರಿಯಾ ಪ್ರಕರಣದಲ್ಲಿ ವಾದ ನಡೆದದ್ದೂ ಮುಖ್ಯವಾಗಿ ಇದರ ಸುತ್ತವೇ.

2021ರ ಆರ್ಯನ್ ಖಾನ್ ಪ್ರಕರಣ ಇನ್ನೊಂದು ಉದಾಹರಣೆ. ಅಕ್ಟೋಬರ್ 3ರಂದು ಬಂಧನವಾಯಿತು. ಅವರ ಬಳಿ ಮಾದಕ ವಸ್ತು ಸಿಕ್ಕಿರಲಿಲ್ಲ. ಆದರೆ ಸಂಚಿನ ಆರೋಪ ಹೊರಿಸಲಾಗಿತ್ತು. ಈ ಅರ್ಜಿಯನ್ನು ಆಲಿಸುವ ಅಧಿಕಾರ ತನಗಿಲ್ಲ ಎಂದು ಮ್ಯಾಜಿಸ್ಟ್ರೇಟ್ ಹೇಳಿದರು. ಅಕ್ಟೋಬರ್ 20ರಂದು ವಿಶೇಷ ನ್ಯಾಯಾಲಯ ಜಾಮೀನು ನಿರಾಕರಿಸಿತು. ಅಕ್ಟೋಬರ್ 28ರಂದು ಬಾಂಬೆ ಹೈಕೋರ್ಟ್ ಜಾಮೀನು ಕೊಟ್ಟಿತು. ಒಂದೇ ಹಡಗಿನಲ್ಲಿ ಪ್ರಯಾಣಿಸುತ್ತಿದ್ದರು ಎಂಬುದಷ್ಟೇ ಸಂಚಿಗೆ ಆಧಾರ ಆಗುವುದಿಲ್ಲ, ವಾಟ್ಸ್‌ಆ್ಯಪ್ ಸಂದೇಶಗಳಲ್ಲೂ ಆಕ್ಷೇಪಾರ್ಹವಾದದ್ದು ಕಾಣಲಿಲ್ಲ ಎಂದು ನ್ಯಾಯಮೂರ್ತಿ ಎನ್.ಡಬ್ಲ್ಯು. ಸಾಂಬ್ರೆ ವಿವರವಾದ ಆದೇಶದಲ್ಲಿ ತಿಳಿಸಿದರು. 2022ರ ಮೇ 27ರಂದು ಎನ್‌ಸಿಬಿ ಸಲ್ಲಿಸಿದ ಆರೋಪಪಟ್ಟಿಯಲ್ಲಿ ಆರ್ಯನ್ ಹೆಸರೇ ಇರಲಿಲ್ಲ.

ವರ್ಷಗಟ್ಟಲೆ ವಿಚಾರಣೆ ಶುರುವಾಗದಿದ್ದರೆ?

ವಿಶೇಷ ಕಾಯ್ದೆಗಳ ಗೋಡೆಯಲ್ಲೂ ಒಂದು ಬಾಗಿಲಿದೆ. ಅದು ಸಂವಿಧಾನದ 21ನೇ ವಿಧಿ, ಅಂದರೆ ಜೀವ ಮತ್ತು ಸ್ವಾತಂತ್ರ್ಯದ ಹಕ್ಕು. 2021ರ ಫೆಬ್ರವರಿ 1ರಂದು ಕೆ.ಎ. ನಜೀಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಯುಎಪಿಎ ಆರೋಪಿಯೇ ಆದರೂ ವಿಚಾರಣೆ ಸದ್ಯಕ್ಕೆ ಮುಗಿಯುವ ಲಕ್ಷಣವಿಲ್ಲದಿದ್ದರೆ ಜಾಮೀನು ಕೊಡಬಹುದು ಎಂದಿತು. 2024ರ ಆಗಸ್ಟ್ 9ರಂದು ದೆಹಲಿಯ ಮಾಜಿ ಉಪಮುಖ್ಯಮಂತ್ರಿ ಮನೀಶ್ ಸಿಸೋಡಿಯಾ ಅವರಿಗೆ 17 ತಿಂಗಳ ಬಂಧನದ ನಂತರ ಜಾಮೀನು ಕೊಡುವಾಗಲೂ ಇದೇ ತರ್ಕ ಬಳಸಿತು. ಕೆಳಗಿನ ಕೋರ್ಟ್‌ಗಳು ಜಾಮೀನು ವಿಷಯದಲ್ಲಿ ಸುಮ್ಮನೆ ಸುರಕ್ಷಿತ ಆಟ ಆಡುತ್ತಿವೆ ಎಂಬ ಅರ್ಥದಲ್ಲಿ ಅಸಮಾಧಾನವನ್ನೂ ವ್ಯಕ್ತಪಡಿಸಿತು.

ವಿಳಂಬ ಎಷ್ಟು ದುಬಾರಿ ಎಂಬುದಕ್ಕೆ ವಿಲೆ ಪಾರ್ಲೆಯ ಪಕ್ಕದ ಜುಹುವಿನ ಪ್ರಕರಣ ನೋಡಿ. 2013ರ ಜೂನ್ 3ರಂದು ನಟಿ ಜಿಯಾ ಖಾನ್ ಸಾವನ್ನಪ್ಪಿದರು. ಆತ್ಮಹತ್ಯೆಗೆ ಪ್ರಚೋದನೆ ಆರೋಪದಲ್ಲಿ ನಟ ಸೂರಜ್ ಪಾಂಚೋಲಿ ಜೂನ್ 10ರಂದು ಬಂಧನಕ್ಕೊಳಗಾದರು. ಜುಲೈ 1ರಂದು ಬಾಂಬೆ ಹೈಕೋರ್ಟ್ ಜಾಮೀನು ನೀಡಿತು. ವಿಚಾರಣಾ ನ್ಯಾಯಾಲಯದ ತೀರ್ಪು ಬಂದದ್ದು 2023ರ ಏಪ್ರಿಲ್ 28ರಂದು, ಅವರು ಖುಲಾಸೆಯಾದರು. ನಡುವೆ ಸುಮಾರು 10 ವರ್ಷ ಕಳೆದಿತ್ತು. ಜಾಮೀನು ಸಿಗದೇ ಇದ್ದಿದ್ದರೆ ಆ ವರ್ಷಗಳಿಗೆ ಉತ್ತರ ಕೊಡುವವರು ಯಾರೂ ಇರುತ್ತಿರಲಿಲ್ಲ.

ಇನ್ನೊಂದು ಮುಖವೂ ಇದೆ. 2008ರಲ್ಲಿ ಮುಂಬೈನ ಮಲಾಡ್‌ನಲ್ಲಿ ನಡೆದ ಕೊಲೆ ಪ್ರಕರಣದಲ್ಲಿ ಕನ್ನಡ ನಟಿ ಮರಿಯಾ ಸುಸೈರಾಜ್ ಬಂಧನಕ್ಕೊಳಗಾಗಿದ್ದರು. 2011ರಲ್ಲಿ ತೀರ್ಪು ಬಂದಾಗ ಅವರು ಸಾಕ್ಷ್ಯ ನಾಶದ ಅಪರಾಧಿ ಎಂದಷ್ಟೇ ತೀರ್ಮಾನವಾಗಿ 3 ವರ್ಷ ಶಿಕ್ಷೆಯಾಯಿತು. ಅಷ್ಟು ಅವಧಿಯನ್ನು ಅವರು ಅದಾಗಲೇ ಜೈಲಿನಲ್ಲಿ ಕಳೆದಿದ್ದರಿಂದ ಬಿಡುಗಡೆಯಾದರು. ತೀರ್ಪು ಬರುವ ಮೊದಲೇ ಶಿಕ್ಷೆ ಮುಗಿದಿತ್ತು.

ಎನ್‌ಸಿಆರ್‌ಬಿ ಅಂಕಿಅಂಶಗಳ ಪ್ರಕಾರ 2022ರ ಕೊನೆಗೆ ದೇಶದ ಜೈಲುಗಳಲ್ಲಿ ಸುಮಾರು 5.73 ಲಕ್ಷ ಕೈದಿಗಳಿದ್ದರು. ಅವರಲ್ಲಿ ಸುಮಾರು 4.34 ಲಕ್ಷ ಮಂದಿ ವಿಚಾರಣಾಧೀನರು. ಅಂದರೆ ನಾಲ್ವರಲ್ಲಿ ಮೂವರು ಇನ್ನೂ ಅಪರಾಧಿ ಎಂದು ತೀರ್ಮಾನವಾಗದವರು.

ಇದಕ್ಕೆ ಪರಿಹಾರವಾಗಿ ಬಿಎನ್‌ಎಸ್‌ಎಸ್ ಕಲಂ 479 ಇದೆ. ಅಪರಾಧಕ್ಕಿರುವ ಗರಿಷ್ಠ ಶಿಕ್ಷೆಯ ಅರ್ಧದಷ್ಟು ಕಾಲ ಜೈಲಿನಲ್ಲಿ ಕಳೆದವರನ್ನು ಜಾಮೀನಿನ ಮೇಲೆ ಬಿಡಬೇಕು. ಹಿಂದೆ ಯಾವ ಅಪರಾಧದಲ್ಲೂ ದೋಷಿ ಎಂದು ತೀರ್ಮಾನವಾಗದವರಾದರೆ ಮೂರನೇ ಒಂದು ಭಾಗ ಸಾಕು. ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯ ಪ್ರಕರಣಗಳಿಗೆ, ಹಲವು ಪ್ರಕರಣಗಳು ಬಾಕಿ ಇರುವವರಿಗೆ ಇದು ಅನ್ವಯಿಸುವುದಿಲ್ಲ. ಕೈದಿ ಅರ್ಹರಾದ ಕೂಡಲೇ ಕೋರ್ಟ್‌ಗೆ ಅರ್ಜಿ ಹಾಕುವ ಹೊಣೆ ಜೈಲು ಅಧೀಕ್ಷಕರದ್ದು. ಹೊಸ ಕಾನೂನು ಜಾರಿಗೆ ಬರುವ ಮೊದಲಿನ ಪ್ರಕರಣಗಳ ಕೈದಿಗಳಿಗೂ ಇದು ಅನ್ವಯ ಎಂದು 2024ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ.

60 ದಿನ, 90 ದಿನದ ಲೆಕ್ಕ

ತನಿಖಾಧಿಕಾರಿಗಳು ನಿಗದಿತ ಅವಧಿಯಲ್ಲಿ ಆರೋಪಪಟ್ಟಿ ಸಲ್ಲಿಸದಿದ್ದರೆ ಆರೋಪಿಗೆ ಜಾಮೀನು ಹಕ್ಕಾಗಿ ಬರುತ್ತದೆ. ಇದನ್ನು ‘ಡಿಫಾಲ್ಟ್ ಜಾಮೀನು’ ಎನ್ನುತ್ತಾರೆ. ಮರಣದಂಡನೆ, ಜೀವಾವಧಿ ಅಥವಾ 10 ವರ್ಷಕ್ಕೆ ಕಡಿಮೆಯಿಲ್ಲದ ಶಿಕ್ಷೆಯ ಪ್ರಕರಣಗಳಲ್ಲಿ ಗಡುವು 90 ದಿನ. ಉಳಿದವುಗಳಲ್ಲಿ 60 ದಿನ. ಯುಎಪಿಎಯಂಥ ಕಾಯ್ದೆಗಳಲ್ಲಿ ಕೋರ್ಟ್ ಅನುಮತಿಯೊಂದಿಗೆ 180 ದಿನಕ್ಕೆ ವಿಸ್ತರಿಸಬಹುದು. ಇಲ್ಲಿ ಅಪರಾಧದ ಗಂಭೀರತೆ ನೋಡುವಂತಿಲ್ಲ, ನೋಡಬೇಕಾದದ್ದು ಕ್ಯಾಲೆಂಡರ್ ಮಾತ್ರ.

ಒಂದು ದಿನದ ವ್ಯತ್ಯಾಸವೂ ನಿರ್ಣಾಯಕ. ರಿಮಾಂಡ್‌ಗೆ ಒಪ್ಪಿಸಿದ ಮೊದಲ ದಿನವೂ ಲೆಕ್ಕಕ್ಕೆ ಸೇರುತ್ತದೆ ಎಂದು 2023ರ ಮಾರ್ಚ್‌ನಲ್ಲಿ ಡಿಎಚ್‌ಎಫ್‌ಎಲ್ ಪ್ರವರ್ತಕರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿತು. ಆದರೆ ಹಕ್ಕು ತಾನಾಗಿ ಬಾಗಿಲು ತೆರೆಯುವುದಿಲ್ಲ, ಸಮಯಕ್ಕೆ ಸರಿಯಾಗಿ ಅರ್ಜಿ ಹಾಕಬೇಕು. 2021ರ ಡಿಸೆಂಬರ್ 1ರಂದು ಬಾಂಬೆ ಹೈಕೋರ್ಟ್ ಭೀಮಾ ಕೋರೆಗಾಂವ್ ಪ್ರಕರಣದಲ್ಲಿ ವಕೀಲೆ ಸುಧಾ ಭಾರದ್ವಾಜ್ ಅವರಿಗೆ ಡಿಫಾಲ್ಟ್ ಜಾಮೀನು ನೀಡಿತು. ಸಕಾಲದಲ್ಲಿ ಅರ್ಜಿ ಹಾಕಿಲ್ಲ ಎಂಬ ಕಾರಣಕ್ಕೆ ಇತರ ಎಂಟು ಆರೋಪಿಗಳಿಗೆ ಅದು ಸಿಗಲಿಲ್ಲ.

ಬಂಧನಕ್ಕೂ ಮೊದಲೇ ರಕ್ಷಣೆ

ಬಂಧನವಾಗಬಹುದು ಎಂಬ ಆತಂಕವಿದ್ದರೆ ಸೆಷನ್ಸ್ ನ್ಯಾಯಾಲಯ ಅಥವಾ ಹೈಕೋರ್ಟ್‌ನಲ್ಲಿ ಕಲಂ 482ರ ಅಡಿ ನಿರೀಕ್ಷಣಾ ಜಾಮೀನು ಕೇಳಬಹುದು. ಇದಕ್ಕೆ ಸಾಮಾನ್ಯವಾಗಿ ಕಾಲಮಿತಿ ಹಾಕಬೇಕಿಲ್ಲ ಎಂದು 2020ರ ಜನವರಿಯಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಹೇಳಿದೆ.

ಹೊರರಾಜ್ಯದಲ್ಲಿರುವ ಕನ್ನಡಿಗರಿಗೆ ಉಪಯೋಗಕ್ಕೆ ಬರುವ ಇನ್ನೊಂದು ತೀರ್ಪಿದೆ. ವಿಲೆ ಪಾರ್ಲೆಯಲ್ಲಿ ವಾಸಿಸುವವರ ಮೇಲೆ ಉಡುಪಿಯಲ್ಲಿ ಎಫ್‌ಐಆರ್ ದಾಖಲಾಯಿತು ಎಂದುಕೊಳ್ಳಿ. ಉಡುಪಿಗೆ ಹೋಗುವಷ್ಟರಲ್ಲಿ ಬಂಧನವಾದರೆ? ಇಂಥ ಸಂದರ್ಭದಲ್ಲಿ ತಾವಿರುವ ಊರಿನ ಕೋರ್ಟ್ ಸೀಮಿತ ಅವಧಿಗೆ ರಕ್ಷಣೆ ಕೊಡಬಹುದು ಎಂದು 2023ರ ನವೆಂಬರ್ 20ರಂದು ಸುಪ್ರೀಂ ಕೋರ್ಟ್ ತೀರ್ಪು ನೀಡಿದೆ. ಇದನ್ನು ‘ಟ್ರಾನ್ಸಿಟ್ ನಿರೀಕ್ಷಣಾ ಜಾಮೀನು’ ಎನ್ನುತ್ತಾರೆ. ಆ ಪ್ರಕರಣದಲ್ಲಿ ಎಫ್‌ಐಆರ್ ರಾಜಸ್ಥಾನದಲ್ಲಿತ್ತು, ಅರ್ಜಿ ಬೆಂಗಳೂರಿನಲ್ಲಿತ್ತು.

7 ವರ್ಷದವರೆಗಿನ ಶಿಕ್ಷೆಯ ಪ್ರಕರಣಗಳಲ್ಲಿ ಪೊಲೀಸರು ಯಾಂತ್ರಿಕವಾಗಿ ಬಂಧಿಸುವಂತಿಲ್ಲ, ಮೊದಲು ನೋಟಿಸ್ ಕೊಟ್ಟು ಹಾಜರಾಗಲು ಹೇಳಬೇಕು ಎಂಬುದು 2014ರ ಅರ್ನೇಶ್ ಕುಮಾರ್ ತೀರ್ಪಿನ ಸಾರ. ಬಂಧಿಸಿದರೆ ಕಾರಣವನ್ನು ಲಿಖಿತವಾಗಿ ಕೊಡಬೇಕು. 2025ರ ನವೆಂಬರ್ 6ರಂದು, ಮುಂಬೈನ ವರ್ಲಿ ಕಾರು ಅಪಘಾತ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ನಿಯಮವನ್ನು ಎಲ್ಲ ಅಪರಾಧಗಳಿಗೂ ವಿಸ್ತರಿಸಿತು. ಕಾರಣಗಳು ಬಂಧಿತರಿಗೆ ಅರ್ಥವಾಗುವ ಭಾಷೆಯಲ್ಲೇ ಇರಬೇಕು ಎಂದೂ ಹೇಳಿತು. ಮರಾಠಿ ಓದಲು ಬಾರದ ಕನ್ನಡಿಗರಿಗೆ ಮರಾಠಿ ಕಾಗದ ಕೊಟ್ಟು ಕೈತೊಳೆದುಕೊಳ್ಳುವಂತಿಲ್ಲ.

ಜಾಮೀನು ಸಿಕ್ಕಿತು, ಬಿಡುಗಡೆ ಯಾವಾಗ?

ಆರ್ಯನ್ ಖಾನ್‌ಗೆ ಜಾಮೀನು ಸಿಕ್ಕಿದ್ದು ಅಕ್ಟೋಬರ್ 28ರಂದು. ಅಕ್ಟೋಬರ್ 29ರಂದು ನಟಿ ಜೂಹಿ ಚಾವ್ಲಾ ಖುದ್ದಾಗಿ ಬಂದು ಜಾಮೀನುದಾರರಾಗಿ ಸಹಿ ಹಾಕಿದರು. ಆದರೂ ಆದೇಶದ ಪ್ರತಿ ಸಂಜೆಯ ಗಡುವಿನೊಳಗೆ ಆರ್ಥರ್ ರೋಡ್ ಜೈಲಿನ ಜಾಮೀನು ಪೆಟ್ಟಿಗೆಗೆ ಬೀಳಲಿಲ್ಲ. ಹೀಗಾಗಿ ಇನ್ನೊಂದು ರಾತ್ರಿ ಒಳಗೇ ಕಳೆಯಬೇಕಾಯಿತು. ಬಿಡುಗಡೆಯಾಗಿದ್ದು 30ರ ಬೆಳಿಗ್ಗೆ. ದೇಶದ ಹೆಸರಾಂತ ವಕೀಲರ ಪಡೆ ಇದ್ದವರಿಗೇ ಈ ಸ್ಥಿತಿ.

ಸಾಮಾನ್ಯರ ಕಷ್ಟ ಇದಕ್ಕಿಂತ ದೊಡ್ಡದು. ಉಡುಪಿಯಿಂದ ಬಂದು ವಿಲೆ ಪಾರ್ಲೆಯ ಹೋಟೆಲ್ ಒಂದರಲ್ಲಿ ಕೆಲಸ ಮಾಡುವ ಯುವಕನೊಬ್ಬನಿಗೆ ‘25 ಸಾವಿರ ರೂಪಾಯಿ ಬಾಂಡ್, ಇಬ್ಬರು ಸ್ಥಳೀಯ ಜಾಮೀನುದಾರರು’ ಎಂಬ ಆದೇಶ ಬಂತು ಎಂದುಕೊಳ್ಳೋಣ. ಕರ್ನಾಟಕದ ಕೋರ್ಟ್‌ಗಳಲ್ಲಿ ಜಮೀನಿನ ಪಹಣಿ ತೋರಿಸಿ ಜಾಮೀನು ನಿಲ್ಲಲು ಊರಿನವರು ಸಿಗುತ್ತಾರೆ. ಮುಂಬೈಯಲ್ಲಿ ಆಸ್ತಿ ಅಥವಾ ಸಂಬಳದ ದಾಖಲೆ ಇರುವ ಇಬ್ಬರನ್ನು ಅವನು ಎಲ್ಲಿಂದ ತರಬೇಕು?

ಈ ಪ್ರಶ್ನೆಯನ್ನು ಸುಪ್ರೀಂ ಕೋರ್ಟ್ 1978ರಲ್ಲೇ ಎತ್ತಿತ್ತು. ಮಧ್ಯಪ್ರದೇಶದ ಮೋತಿ ರಾಮ್ ಎಂಬ ಗಾರೆ ಕೆಲಸಗಾರನಿಗೆ ಮ್ಯಾಜಿಸ್ಟ್ರೇಟ್ 10 ಸಾವಿರ ರೂಪಾಯಿಯ ಜಾಮೀನು ಕೇಳಿದ್ದರು. ಸಹೋದರನ ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ಅವನ ಜಾಮೀನನ್ನೂ ಒಪ್ಪಿರಲಿಲ್ಲ. ಇದನ್ನು ಕಟುವಾಗಿ ಟೀಕಿಸಿದ ನ್ಯಾಯಮೂರ್ತಿ ಕೃಷ್ಣ ಅಯ್ಯರ್, ಒಬ್ಬ ಮಲಯಾಳಿಯೋ ಕನ್ನಡಿಗನೋ ದೂರದ ಬಸ್ತಾರ್‌ನಲ್ಲೋ ದೆಹಲಿಯ ಚಾಂದನಿ ಚೌಕದಲ್ಲೋ ಬಂಧನವಾದರೆ ಅಲ್ಲಿ ಆಸ್ತಿವಂತ ಜಾಮೀನುದಾರರನ್ನು ಹೇಗೆ ಹುಡುಕಬೇಕು ಎಂದು ತೀರ್ಪಿನಲ್ಲೇ ಪ್ರಶ್ನಿಸಿದರು. ಬೇರೆ ಊರಿನವರು ಎಂಬ ಕಾರಣಕ್ಕೆ ಜಾಮೀನುದಾರರನ್ನು ತಿರಸ್ಕರಿಸುವಂತಿಲ್ಲ, ಬಡವರಿಗೆ ಹೊರೆಯಾಗುವ ಮೊತ್ತ ಹೇಳುವಂತಿಲ್ಲ ಎಂಬುದು ಅಂದಿನಿಂದಲೂ ಕಾನೂನು. ಮೊತ್ತ ವಿಪರೀತವಾಗಿರಬಾರದು ಎಂದು ಬಿಎನ್‌ಎಸ್‌ಎಸ್ ಕಲಂ 484 ಕೂಡ ಹೇಳುತ್ತದೆ.

2023ರ ಜನವರಿ 31ರಂದು ಸುಪ್ರೀಂ ಕೋರ್ಟ್ ಇನ್ನಷ್ಟು ಸೂಚನೆಗಳನ್ನು ಕೊಟ್ಟಿತು. ಜಾಮೀನು ಆದೇಶದ ಪ್ರತಿಯನ್ನು ಅದೇ ದಿನ ಅಥವಾ ಮರುದಿನ ಜೈಲಿಗೆ ಇ-ಮೇಲ್ ಮಾಡಬೇಕು. 7 ದಿನದೊಳಗೆ ಕೈದಿ ಹೊರಬರದಿದ್ದರೆ ಜೈಲು ಅಧೀಕ್ಷಕರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ತಿಳಿಸಬೇಕು. ಒಂದು ತಿಂಗಳಾದರೂ ಬಾಂಡ್ ಒದಗಿಸಲು ಆಗದಿದ್ದರೆ ಷರತ್ತು ಸಡಿಲಿಸಬಹುದೇ ಎಂದು ಕೋರ್ಟ್ ತಾನೇ ಪರಿಶೀಲಿಸಬಹುದು.

ಎಂಥ ಷರತ್ತು ಹಾಕಬಹುದು?

ಪಾಸ್‌ಪೋರ್ಟ್ ಒಪ್ಪಿಸುವುದು, ಠಾಣೆಗೆ ಹಾಜರಾಗುವುದು, ಅನುಮತಿ ಇಲ್ಲದೆ ದೇಶ ಬಿಡದಿರುವುದು, ಸಾಕ್ಷಿಗಳನ್ನು ಸಂಪರ್ಕಿಸದಿರುವುದು ಸಾಮಾನ್ಯ ಷರತ್ತುಗಳು. ಆದರೆ ಷರತ್ತಿಗೂ ಮಿತಿ ಇದೆ. ಮಧ್ಯಪ್ರದೇಶದಲ್ಲಿ ಲೈಂಗಿಕ ದೌರ್ಜನ್ಯದ ಆರೋಪಿಯೊಬ್ಬನಿಗೆ ಸಂತ್ರಸ್ತೆಯಿಂದ ರಾಖಿ ಕಟ್ಟಿಸಿಕೊಳ್ಳುವಂತೆ ಹಾಕಿದ್ದ ಷರತ್ತನ್ನು 2021ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ರದ್ದು ಮಾಡಿತು. ಆರೋಪಿ ಸದಾ ಗೂಗಲ್ ಮ್ಯಾಪ್ಸ್‌ನಲ್ಲಿ ತಾನಿರುವ ಜಾಗ ತೋರಿಸುತ್ತಿರಬೇಕು ಎಂಬ ಷರತ್ತು ಖಾಸಗಿತನದ ಹಕ್ಕಿಗೆ ವಿರುದ್ಧ ಎಂದು 2024ರ ಜುಲೈನಲ್ಲಿ ಹೇಳಿತು.

ಕುಟುಂಬದವರು ಏನು ಮಾಡಬಹುದು?

- ಬಂಧನದ ಕಾರಣಗಳ ಲಿಖಿತ ಪ್ರತಿ ಮತ್ತು ಎಫ್‌ಐಆರ್ ಪ್ರತಿ ಕೇಳಿ ಪಡೆಯಿರಿ. ಹಾಕಿರುವ ಕಲಂ ಜಾಮೀನು ಸಹಿತವೇ, ರಹಿತವೇ ಎಂದು ವಕೀಲರಿಂದ ತಿಳಿದುಕೊಳ್ಳಿ.
- ವಾಸದ ವಿಳಾಸ, ಉದ್ಯೋಗ, ಕುಟುಂಬದ ದಾಖಲೆಗಳನ್ನು ಸಿದ್ಧ ಇಟ್ಟುಕೊಳ್ಳಿ. ‘ಓಡಿಹೋಗುವುದಿಲ್ಲ’ ಎಂಬ ವಾದಕ್ಕೆ ಇವೇ ಆಧಾರ.
- ಮೊದಲ ರಿಮಾಂಡ್ ದಿನಾಂಕವನ್ನು ಬರೆದಿಟ್ಟುಕೊಳ್ಳಿ. 60 ಅಥವಾ 90 ದಿನದ ಲೆಕ್ಕ ಅಲ್ಲಿಂದಲೇ ಶುರು.
- ಒಮ್ಮೆ ಅರ್ಜಿ ತಿರಸ್ಕೃತವಾದರೆ ದಾರಿ ಮುಚ್ಚಿತು ಎಂದಲ್ಲ. ಪರಿಸ್ಥಿತಿ ಬದಲಾದಾಗ ಮತ್ತೆ ಅರ್ಜಿ ಹಾಕಬಹುದು, ಮೇಲಿನ ಕೋರ್ಟ್‌ಗೂ ಹೋಗಬಹುದು.
- ಬಾಂಡ್ ಮೊತ್ತ ಭರಿಸಲು ಆಗದಿದ್ದರೆ ಷರತ್ತು ಸಡಿಲಿಸುವಂತೆ ಅದೇ ಕೋರ್ಟ್‌ನಲ್ಲಿ ಕೇಳಬಹುದು.
- ವಕೀಲರಿಗೆ ಕೊಡಲು ಹಣವಿಲ್ಲದಿದ್ದರೆ ಕಾನೂನು ಸೇವಾ ಪ್ರಾಧಿಕಾರವನ್ನು ಸಂಪರ್ಕಿಸಿ. ಬಂಧನದಲ್ಲಿರುವವರು ಆದಾಯದ ಮಿತಿ ಇಲ್ಲದೆ ಉಚಿತ ಕಾನೂನು ನೆರವಿಗೆ ಅರ್ಹರು. ರಾಷ್ಟ್ರೀಯ ಸಹಾಯವಾಣಿ ಸಂಖ್ಯೆ 15100.
- ಹಣವಿಲ್ಲದೆ ಜೈಲಿನಲ್ಲೇ ಉಳಿದಿರುವ ವಿಚಾರಣಾಧೀನ ಕೈದಿಗಳಿಗೆ 2023ರಲ್ಲಿ ಶುರುವಾದ ಕೇಂದ್ರ ಸರ್ಕಾರದ ಯೋಜನೆಯಡಿ ನೆರವು ಸಿಗಬಹುದು. ಕೆಲವು ಗಂಭೀರ ಕಾಯ್ದೆಗಳ ಪ್ರಕರಣಗಳಿಗೆ ಇದು ಅನ್ವಯಿಸುವುದಿಲ್ಲ.

ಜಾಮೀನು ಎಂಬುದು ಆರೋಪಿ ಮತ್ತು ನ್ಯಾಯಾಲಯದ ನಡುವಿನ ಒಂದು ಒಪ್ಪಂದ. ಕರೆದಾಗ ಬರುತ್ತೇನೆ, ವಿಚಾರಣೆಗೆ ಅಡ್ಡಿ ಮಾಡುವುದಿಲ್ಲ ಎಂಬ ಮಾತಿಗೆ ಪ್ರತಿಯಾಗಿ ಸಿಗುವ ತಾತ್ಕಾಲಿಕ ಬಿಡುಗಡೆ. ತಪ್ಪು ಮಾಡಿದ್ದಾರೋ ಇಲ್ಲವೋ ಎಂಬುದರ ಉತ್ತರ ಸಿಗುವುದು ಸಾಕ್ಷಿಗಳ ಪಾಟೀಸವಾಲು ಮುಗಿದು ತೀರ್ಪು ಬಂದ ದಿನ. ಅಲ್ಲಿಯವರೆಗೆ ಒಬ್ಬರು ಮನೆಯಲ್ಲಿರಬೇಕೇ, ಜೈಲಿನಲ್ಲಿರಬೇಕೇ ಎಂಬುದು ಅವರ ಹೆಸರಿನಿಂದಲೂ ಕಿಸೆಯಿಂದಲೂ ತೀರ್ಮಾನವಾಗಬಾರದು ಎಂದು ಸುಪ್ರೀಂ ಕೋರ್ಟ್ ಹಲವು ದಶಕಗಳಿಂದ ಹೇಳುತ್ತಲೇ ಬಂದಿದೆ. ಈ ಮಾತು ಅಂಧೇರಿಯ ಮ್ಯಾಜಿಸ್ಟ್ರೇಟ್ ಕೋರ್ಟ್‌ನಂಥ ಮೊದಲ ಮೆಟ್ಟಿಲಲ್ಲೇ ಪಾಲನೆಯಾದರೆ ಬಹಳಷ್ಟು ಮಂದಿ ದೆಹಲಿಯವರೆಗೆ ಹೋಗಬೇಕಾದ ಅಗತ್ಯವೇ ಬರುವುದಿಲ್ಲ.